ಹುಲ್ಲಿನ ನಡುವಿನ ಕಂದು ಟೋಪಿಗಳು

ಪುಟ್ಟಿ,

ವಾಟ್ಸ್‌ಆ್ಯಪ್‌ನಲ್ಲಿ ನೀನು ಕಳಿಸಿದ ಫೋಟೊ ನೋಡಿದೆ. ಸಿಯಾಟಲ್ ಪಕ್ಕದ ನಿಮ್ಮ ಹೊಸ ಮನೆಯ ಲಾನು, ಸೆಪ್ಟೆಂಬರ್ ಕೊನೆಯ ಮಳೆ, ಹುಲ್ಲಿನ ನಡುವೆ ಅಲ್ಲೊಂದು ಇಲ್ಲೊಂದು ಕಂದು ನಾಯಿಕೊಡೆ, ಮೂಲೆಯಲ್ಲಿ ಮರಿಯ ಒಂಟಿ ಬೂಟು. ಕೆಳಗೆ ಒಂದೇ ಸಾಲು: ‘ದೊಡ್ಡಮ್ಮ, ಇದು ವಿಷವಾ?’ ಫೋಟೊ ನೋಡಿ ಹೇಳಲಾರೆ ಅಂದದ್ದಕ್ಕೆ ನಿನಗೆ ಬೇಜಾರಾಯಿತೇನೋ. ಕಾಲೇಜಿನಲ್ಲಿ ಬಾಟನಿ ಪಾಠ ಮಾಡಿ ರಿಟೈರ್ ಆದವಳು ಒಂದು ನಾಯಿಕೊಡೆಯ ಹೆಸರು ಹೇಳಲಾರಳೇ ಎಂದು ನಿನ್ನ ಗಂಡ ನಕ್ಕಿರಲೂ ಬಹುದು. ನಗಲಿ. ಫೋಟೊ ನೋಡಿದ ಕೂಡಲೇ ಹೆಸರು ಹೇಳಿಬಿಡುವವರು ನಿನಗೆ ಬೇಕಾದಷ್ಟು ಜನ ಸಿಗುತ್ತಾರೆ. ಅವರ ಮಾತು ನಂಬಬೇಡ ಎನ್ನುವುದಕ್ಕೇ ಈ ಕಾಗದದ ಅರ್ಧ ಹೋಗುತ್ತದೆ.

ಮೊದಲು ನಿನ್ನ ಪ್ರಶ್ನೆಯನ್ನೇ ಬದಲಿಸಿಕೋ. ‘ತಿನ್ನಬಹುದಾ, ವಿಷವಾ’ ಎಂದು ಶುರು ಮಾಡಿದರೆ ಕಣ್ಣು ಸರಿಯಾಗಿ ನೋಡುವುದಿಲ್ಲ, ಉತ್ತರಕ್ಕೆ ಅವಸರಪಡುತ್ತದೆ. ಲಾನಿನ ಸಣ್ಣ ಕಂದು ಅಣಬೆಯ ಮಟ್ಟಿಗೆ ಆ ಉತ್ತರ ಹುಡುಕಬೇಕಾಗಿಯೇ ಇಲ್ಲ. ತಿನ್ನುವುದಿಲ್ಲ, ಅಷ್ಟೇ. ಯಾವುದೇ ಇರಲಿ, ಯಾರೇ ಹೇಳಲಿ. ಕೈತುಂಬ ಆರಿಸಿದರೂ ಒಂದು ಹಿಡಿ ಪಲ್ಯವಾಗದ ಪದಾರ್ಥಕ್ಕಾಗಿ ಯಕೃತ್ತನ್ನು ಪಣಕ್ಕಿಡುವ ಅಗತ್ಯ ಯಾರಿಗೂ ಇಲ್ಲ. ಅದನ್ನು ಒಮ್ಮೆ ತೀರ್ಮಾನ ಮಾಡಿಕೊಂಡ ಮೇಲೆ ‘ಇದು ಯಾರು’ ಎಂದು ನಿಧಾನವಾಗಿ ಕೇಳಬಹುದು. ಆ ಪ್ರಶ್ನೆಯಲ್ಲಿ ಸಂತೋಷವಿದೆ. ಮಗು ಇರುವ ಮನೆಯಲ್ಲಿ ಅದಕ್ಕೆ ಉಪಯೋಗವೂ ಇದೆ.

ನಿಧಾನವಾಗಿ ಅಂದೆನಲ್ಲ, ಅದನ್ನು ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತೇನೆ. ನಿಮ್ಮ ಕಡೆ ಅಣಬೆ ಹುಡುಕುತ್ತ ಕಾಡು ಸುತ್ತುವ ಹವ್ಯಾಸಿಗಳು ಈ ಬಳಗವನ್ನೆಲ್ಲ ಸೇರಿಸಿ ‘ಎಲ್‌ಬಿಎಂ’, ಅಂದರೆ ‘ಲಿಟಲ್ ಬ್ರೌನ್ ಮಶ್ರೂಮ್’, ಎಂದು ಕರೆದು, ಬಗ್ಗಿ ನೋಡದೆ ದಾಟಿಹೋಗುತ್ತಾರೆ. ಅದು ಸೋಮಾರಿತನವಲ್ಲ. ಮಿಷಿಗನ್ ವಿಶ್ವವಿದ್ಯಾಲಯದ ಅಲೆಕ್ಸಾಂಡರ್ ಸ್ಮಿತ್ ಮತ್ತು ರೋಲ್ಫ್ ಸಿಂಗರ್ ಸೇರಿ 1964ರಲ್ಲಿ ‘ಗ್ಯಾಲರೈನಾ’ ಎಂಬ ಒಂದು ಕುಲದ ಮೇಲೆ ದಪ್ಪ ಗ್ರಂಥ ತಂದರು. ಅದೊಂದರಲ್ಲೇ 199 ಪ್ರಭೇದಗಳು. ಬಹುಪಾಲು ಎಲ್ಲ ಕಂದು, ಎಲ್ಲ ಸಣ್ಣವು. ಅದೇ ಸ್ಮಿತ್ 1972ರಲ್ಲಿ ‘ಸ್ಯಾಥಿರೆಲ್ಲಾ’ ಕುಲದ ಬಗ್ಗೆ ಬರೆದಾಗ ಅಲ್ಲಿ ನೂರಾರು. ಸೂಕ್ಷ್ಮದರ್ಶಕದ ಮುಂದೆ ಬದುಕು ಕಳೆದವರೇ ಇಷ್ಟು ಪಾಡುಪಟ್ಟಿರುವಾಗ, ನೀನು ಕುಲದ ಹೆಸರಿನವರೆಗೆ ಮುಟ್ಟಿದರೆ ಅದೇ ದೊಡ್ಡದು. ‘ಇದು ಪನೇಯೋಲಸ್ ಕುಲದ್ದಿರಬೇಕು, ಅದಕ್ಕಿಂತ ಮುಂದೆ ಗೊತ್ತಾಗಲಿಲ್ಲ’ ಎಂದು ನೋಟ್‌ಬುಕ್ಕಿನಲ್ಲಿ ಬರೆದಿಡುವವಳು, ಪೂರ್ತಿ ಲ್ಯಾಟಿನ್ ಹೆಸರು ಊಹಿಸಿ ಬರೆಯುವವಳಿಗಿಂತ ಹೆಚ್ಚು ಕಲಿತಿರುತ್ತಾಳೆ.

ನಿನ್ನ ಫೋಟೊದ ತೊಂದರೆ ಏನೆಂದರೆ ಅದನ್ನು ಮೇಲಿನಿಂದ ತೆಗೆದಿದ್ದೀಯ. ಟೋಪಿ ಮಾತ್ರ ಕಾಣುತ್ತದೆ. ಅಣಬೆಯ ಗುರುತೆಲ್ಲ ಇರುವುದು ಕೆಳಗೆ. ಅದನ್ನು ಕಿತ್ತುಕೊಳ್ಳಬೇಡ. ಅಡುಗೆಗೆ ಬಳಸದ ಹಳೆಯ ಚಾಕುವನ್ನು ಮಣ್ಣಿಗೆ ಇಳಿಸಿ ಬುಡಸಮೇತ ಮೀಟಿ ತೆಗೆ. ಬುಡ ದಪ್ಪಗಿದೆಯೋ, ಚೀಲದಂಥದ್ದೇನಾದರೂ ಸುತ್ತಿಕೊಂಡಿದೆಯೋ, ಮಣ್ಣಿನೊಳಗೆ ಹುದುಗಿದ ಕಟ್ಟಿಗೆ ಚೂರಿಗೆ ಅಂಟಿದೆಯೋ ನೋಡು. ದಂಟಿನ ಮೇಲೆ ಉಂಗುರ ಇದೆಯೇ? ಟೋಪಿಯ ಅಡಿಯಲ್ಲಿ ಒತ್ತಾಗಿ ನಿಂತ ತೆಳು ಎಸಳುಗಳು ದಂಟಿಗೆ ತಾಗುತ್ತವೆಯೋ, ತಾಗದೆ ನಿಲ್ಲುತ್ತವೆಯೋ, ದಂಟಿನ ಮೇಲೆ ಇಳಿದು ಬರುತ್ತವೆಯೋ? ಮೂಸಿ ನೋಡು. ಮುಟ್ಟಿದರೆ ವಿಷ ಏರುತ್ತದೆ ಎಂಬ ಹೆದರಿಕೆ ಬೇಡ. ಅತಿ ಘೋರ ವಿಷದ ಅಣಬೆಯೂ ಹೊಟ್ಟೆಗೆ ಹೋದರೆ ಮಾತ್ರ ಕೆಲಸ ಮಾಡುತ್ತದೆ. ಆಮೇಲೆ ಸೋಪು ಹಾಕಿ ಕೈ ತೊಳೆದರಾಯಿತು. ಒಂದನ್ನೇ ನೋಡಿ ಎದ್ದು ಬರಬೇಡ. ಎಳೆಯದು, ಬಲಿತದ್ದು, ಮುದಿಯಾದದ್ದು ಮೂರನ್ನೂ ಪಕ್ಕಪಕ್ಕ ಇಟ್ಟು ನೋಡು. ಎಳೆಯದರಲ್ಲಿದ್ದ ಉಂಗುರ ಮುದಿಯದರಲ್ಲಿ ಉದುರಿಹೋಗಿರುತ್ತದೆ. ಆ ಉಂಗುರದ ಮೇಲೆ ಎಷ್ಟು ನಿಂತಿದೆ ಎನ್ನುವುದನ್ನು ಮುಂದೆ ಹೇಳುತ್ತೇನೆ.

ನಿನ್ನ ಲಾನಿನಲ್ಲಿ ಸಿಗಬಹುದಾದವರಲ್ಲಿ ಮೊದಲ ಸಾಲಿನದು ‘ಪನೇಯೋಲಸ್ ಫೀನಿಸೆಕಿಯೈ’. ಯುರೋಪು, ಉತ್ತರ ಅಮೆರಿಕದ ಕತ್ತರಿಸಿದ ಹುಲ್ಲಿನಲ್ಲಿ ಇದರಷ್ಟು ಸಾಮಾನ್ಯವಾದದ್ದು ಕಡಿಮೆ. ಟೋಪಿ ಒಂದರಿಂದ ಮೂರು ಸೆಂಟಿಮೀಟರ್ ಅಗಲ, ದಂಟು ತೆಳು, ಉಂಗುರ ಇಲ್ಲ. ಇದನ್ನು ಗುರುತಿಸಲು ಒಂದು ಬೆಳಿಗ್ಗೆ ಮೀಸಲಿಡು. ಮಳೆ ನಿಂತ ಕೂಡಲೇ ನೋಡಿದರೆ ಟೋಪಿ ಪೂರ್ತಿ ಕಡುಗಂದು. ಬಿಸಿಲು ಬಿದ್ದಂತೆ ನಡುವಿನಿಂದ ಒಣಗುತ್ತ ಬರುತ್ತದೆ. ಅಜ್ಜಿಮನೆಯ ಕೆಂಪು ಗಾರೆ ನೆಲ ಒರೆಸಿದ ಮೇಲೆ ಮಧ್ಯೆ ಮೊದಲು ಆರಿ ಅಂಚಿನಲ್ಲಿ ಒದ್ದೆಯ ಪಟ್ಟಿ ಉಳಿಯುತ್ತಿತ್ತಲ್ಲ, ಹಾಗೆ. ನಡುವೆ ಮಾಸಲು ಹಾಲುಗಂದು, ಅಂಚಿನ ಸುತ್ತ ಕಡುಗಂದಿನ ಉಂಗುರಪಟ್ಟಿ. ಮಧ್ಯಾಹ್ನದ ಹೊತ್ತಿಗೆ ಆ ಪಟ್ಟಿಯೂ ಹೋಗಿ ಟೋಪಿ ಪೂರ್ತಿ ತಿಳಿಗಂದಾಗಿ, ಬೇರೆ ಅಣಬೆಯೇ ಬಂದು ನಿಂತಂತೆ ಕಾಣುತ್ತದೆ. ಬೆಳಿಗ್ಗೆಯ ಫೋಟೊ, ಮಧ್ಯಾಹ್ನದ ಫೋಟೊ ಎರಡನ್ನೂ ಕಳಿಸಿ ‘ಎರಡು ಜಾತಿ’ ಎಂದು ಹೇಳುವವರು ಇದ್ದೇ ಇರುತ್ತಾರೆ.

ಈಗ ಅದನ್ನು ತಿರುಗಿಸಿ ಎಸಳುಗಳನ್ನು ನೋಡು. ಒಂದೇ ಬಣ್ಣ ಇರುವುದಿಲ್ಲ. ಕಂದಿನ ಮೇಲೆ ಕಡುಗಂದಿನ ಮಚ್ಚೆ, ನಡುನಡುವೆ ತಿಳಿ ಜಾಗ. ಎಸಳಿನ ಮೇಲಿನ ಬೀಜಕಗಳು ಒಟ್ಟಿಗೆ ಬಲಿಯದೆ ತುಂಡುತುಂಡಾಗಿ ಬಲಿಯುವುದರಿಂದ ಹೀಗೆ. ಪನೇಯೋಲಸ್ ಕುಲಕ್ಕೆಲ್ಲ ಈ ಮಚ್ಚೆ ಸಾಮಾನ್ಯ. ಆದರೆ ಉಳಿದವುಗಳ ಬೀಜಕ ಕಪ್ಪು, ನುಣುಪು. ಇದರದ್ದು ಕಡುಗಂದು, ಸೂಕ್ಷ್ಮದರ್ಶಕದಲ್ಲಿ ಒರಟೊರಟು. ಆ ಒರಟುತನಕ್ಕಾಗಿಯೇ ಫ್ರಾನ್ಸಿನ ರೆನೆ ಮೇರ್ 1933ರಲ್ಲಿ ಇದನ್ನು ಬೇರೆ ಕುಲಕ್ಕೆ ಸೇರಿಸಿದ್ದ. ಇಂದಿಗೂ ಕೆಲವರು ಆ ಹೆಸರನ್ನೇ ಬರೆಯುತ್ತಾರೆ. ಇದು ಮಾರಕವಲ್ಲ. ಆದರೂ ತಿನ್ನುವ ಸಾಲಿನಲ್ಲಿ ಇಟ್ಟುಕೊಳ್ಳುವಂಥದ್ದಲ್ಲ.

ಬೀಜಕದ ಬಣ್ಣ ಅಂದೆನಲ್ಲ, ನೀನು ಕಲಿಯಬೇಕಾದ ಕೈಚಳಕ ಇದೊಂದೇ. ಇದನ್ನು ಕಲಿಯದವರ ಜೊತೆ ಅಣಬೆಯ ವಿಷಯ ಮಾತಾಡಿ ಪ್ರಯೋಜನವಿಲ್ಲ ಎನ್ನುವಷ್ಟು ನನಗೆ ಇದರ ಮೇಲೆ ಹಟ. ಬಲಿತ ಟೋಪಿಯ ದಂಟನ್ನು ಟೋಪಿಯ ಮಟ್ಟಕ್ಕೆ ಕತ್ತರಿಸು. ಎಸಳು ಕೆಳಗಾಗುವಂತೆ ಕಾಗದದ ಮೇಲೆ ಮಲಗಿಸು. ಅರ್ಧ ಬಿಳಿ ಕಾಗದ, ಅರ್ಧ ಕಪ್ಪು ಕಾಗದ ಇರಲಿ. ಬಿಳಿ ಬೀಜಕ ಬಿಳಿ ಕಾಗದದ ಮೇಲೆ ಕಾಣುವುದಿಲ್ಲ. ಟೋಪಿಯ ಮೇಲೆ ಒಂದು ತೊಟ್ಟು ನೀರು ಬಿಟ್ಟು, ಗಾಳಿ ಆಡದಂತೆ ಗಾಜಿನ ಲೋಟ ಬೋರಲು ಹಾಕು. ಆ ಲೋಟವನ್ನು ಮತ್ತೆ ಅಡುಗೆಮನೆಗೆ ತರಬೇಡ. ರಾತ್ರಿ ಇಟ್ಟರೆ ಬೆಳಿಗ್ಗೆ ಲೋಟ ಎತ್ತಿದಾಗ ಕಾಗದದ ಮೇಲೆ ಎಸಳಿಗೊಂದರಂತೆ ಸಣ್ಣ ಗೆರೆಗಳು, ನಡುವೆ ದಂಟಿದ್ದ ಕಡೆ ಖಾಲಿ ಚುಕ್ಕೆ. ಊದಿದರೆ ಹಾರಿಹೋಗುವಷ್ಟು ನವಿರಾದ ಪುಡಿಯಲ್ಲಿ ಮೂಡಿದ ಅಚ್ಚು. ನಾನು ಕ್ಲಾಸಿನಲ್ಲಿ ಈ ಅಚ್ಚನ್ನು ತೋರಿಸಿದಾಗ ಹಿಂದಿನ ಬೆಂಚಿನ ಹುಡುಗರೂ ಎದ್ದು ಬರುತ್ತಿದ್ದರು.

ಸ್ವೀಡನ್ನಿನ ಎಲಿಯಾಸ್ ಫ್ರೈಸ್ 1821ರಿಂದ ಬರೆಯುತ್ತ ಹೋದ ಗ್ರಂಥದಲ್ಲಿ ಎಸಳಿರುವ ಅಣಬೆಗಳನ್ನು ವಿಂಗಡಿಸಿದ್ದು ಈ ಬಣ್ಣದ ಮೇಲೆಯೇ. ಇನ್ನೂರು ವರ್ಷ ಕಳೆದು ಡಿಎನ್‌ಎ ಬಂದು ಎಷ್ಟೋ ಹೆಸರು ತಲೆಕೆಳಗಾದರೂ ಹಿತ್ತಲಲ್ಲಿ ನಿಂತವರಿಗೆ ಇದಕ್ಕಿಂತ ಒಳ್ಳೆಯ ಸಾಧನ ಬಂದಿಲ್ಲ. ಟೋಪಿ ಕಂದು ಎಂದಮಾತ್ರಕ್ಕೆ ಅಚ್ಚು ಕಂದಾಗಬೇಕಿಲ್ಲ. ಕಪ್ಪು ಬಂದರೆ ಪನೇಯೋಲಸ್ ಬಳಗದ ಕಡೆ ನೋಡು. ನೇರಳೆ ಛಾಯೆಯ ಕಡುಗಂದು ಬಂದು, ಟೋಪಿ ಮುಟ್ಟಿದರೆ ಪುಡಿಯಾಗುವಷ್ಟು ಪೆಳಸಾಗಿದ್ದರೆ ಸ್ಯಾಥಿರೆಲ್ಲಾ ಇರಬಹುದು. ಹೊಗೆಸೊಪ್ಪಿನ ಮಂಕು ಕಂದಾದರೆ ‘ಅಗ್ರೋಸೈಬಿ’ ಇದ್ದೀತು. ಮರದ ಕೆಳಗೆ ಸಿಕ್ಕಿ, ಟೋಪಿಯ ಮೇಲೆ ರೇಷ್ಮೆಯಂಥ ನಾರು ಎದ್ದು ಅಂಚು ಸೀಳಿದ್ದರೆ ‘ಇನೋಸೈಬಿ’. ಅದರಲ್ಲಿ ಮಸ್ಕರೀನ್ ಎಂಬ ವಿಷ. ಬಿಳಿ ಅಚ್ಚು ಬಂದರೆ ದಾರಿಯೇ ಬೇರೆ. ತುಕ್ಕು ಹಿಡಿದ ಕಬ್ಬಿಣದ ಕೆಂಗಂದು ಬಂತೋ, ಎದ್ದು ಕೂತು ಗಮನ ಕೊಡು.

ತುಕ್ಕುಬಣ್ಣದ ಅಚ್ಚಿನ ಲಾನಿನ ಅಣಬೆಗಳಲ್ಲಿ ಹೆಚ್ಚಿನವು ‘ಕೊನೊಸೈಬಿ’ ಕುಲದವು. ಉದ್ದ ಬಡಕಲು ದಂಟು, ತಲೆಗೆ ಚೂಪು ಟೋಪಿ. ಬೆಳಿಗ್ಗೆ ಹುಲ್ಲಿನ ಮೇಲೆ ನೆಟ್ಟಗೆ ನಿಂತಿದ್ದದ್ದು ಬಿಸಿಲೇರಿದಾಗ ಬಗ್ಗಿ ಮಲಗಿರುತ್ತದೆ. ಅವುಗಳ ಪಕ್ಕದ ಮನೆಯದ್ದು ಎನ್ನುವಷ್ಟು ಹತ್ತಿರದ್ದು ‘ಫೋಲಿಯೋಟಿನಾ ರುಗೋಸಾ’. ನಿನ್ನ ವಾಷಿಂಗ್ಟನ್ ರಾಜ್ಯದಲ್ಲಿ ಹುಲ್ಲಿನಲ್ಲೂ ಗೊಬ್ಬರದ ಗುಡ್ಡೆಯಲ್ಲೂ ಸಿಗುವಂಥದ್ದು. ಟೋಪಿ ಹೆಚ್ಚೆಂದರೆ ಎರಡು ಮೂರು ಸೆಂಟಿಮೀಟರ್. ನೋಡಿದರೆ ಏನೂ ಅಲ್ಲದ ಅಣಬೆ. ಅದರೊಳಗೆ ಅಮಟಾಕ್ಸಿನ್, ‘ಡೆತ್ ಕ್ಯಾಪ್’ ಎಂದು ಹೆಸರಾದ ದೊಡ್ಡ ಅಣಬೆಯಲ್ಲಿರುವ ಅದೇ ವಿಷ. ಕೊನೊಸೈಬಿಗೂ ಇದಕ್ಕೂ ಕಣ್ಣಿಗೆ ಕಾಣುವ ವ್ಯತ್ಯಾಸ ಎಂದರೆ ದಂಟಿನ ನಡುವೆ ಇರುವ ಪುಟ್ಟ ಉಂಗುರ. ಅದು ಸಡಿಲ, ಮೇಲೆ ಕೆಳಗೆ ಜಾರುತ್ತದೆ, ಒಂದು ಜೋರು ಮಳೆಗೆ ಉದುರುತ್ತದೆ. ಉದುರಿದ ಮೇಲೆ ಬರಿಗಣ್ಣಿಗೆ ಎರಡೂ ಒಂದೇ. ಫೋಟೊ ನೋಡಿ ಹೇಳಲಾರೆ ಅಂದದ್ದು ಇದಕ್ಕೇ.

ಲಾನಿನ ಅಂಚಿನಲ್ಲಿ ಹೂಗಿಡಗಳ ಬುಡಕ್ಕೆ ಮರದ ತೊಗಟೆಯ ಚೂರು ಹರಡಿದ್ದೀರಲ್ಲ, ಅಲ್ಲಿ ಇನ್ನೂ ಹೆಚ್ಚು ಎಚ್ಚರ. ಸ್ಮಿತ್ ಬರೆದ ಗ್ಯಾಲರೈನಾ ಬಳಗದ ‘ಗ್ಯಾಲರೈನಾ ಮಾರ್ಜಿನೇಟಾ’ ಕೊಳೆಯುವ ಮರದ ಮೇಲೆ ಬದುಕುವಂಥದ್ದು. ತೊಗಟೆ ಚೂರಿನಲ್ಲೂ ಏಳುತ್ತದೆ. ಕಂದು ಟೋಪಿ, ತೆಳು ಉಂಗುರ, ತುಕ್ಕುಬಣ್ಣದ ಅಚ್ಚು, ಅದೇ ಅಮಟಾಕ್ಸಿನ್. ನಿನ್ನ ಮನೆಯಿಂದ ದೂರವೇನಲ್ಲದ ವಿಡ್ಬಿ ದ್ವೀಪದಲ್ಲಿ 1981ರ ಡಿಸೆಂಬರಿನಲ್ಲಿ ಹದಿಹರೆಯದ ಮಕ್ಕಳು ನಶೆಯ ಅಣಬೆ ಎಂದುಕೊಂಡು ಇದನ್ನು ತಿಂದರು. ಒಬ್ಬ ಹುಡುಗಿ ಉಳಿಯಲಿಲ್ಲ. ನಶೆಯ ಅಣಬೆಯ ವಿಡಿಯೊ ನೋಡುವ ಹುಡುಗರು ನಿಮ್ಮ ಪರಿಚಯದವರ ಮನೆಗಳಲ್ಲೂ ಇರುತ್ತಾರೆ. ನೀತಿ ಬೋಧನೆ ಮಾಡಿದರೆ ಅವರು ಕೇಳಲಾರರು. ನಶೆಯ ಅಣಬೆ, ಈ ಗ್ಯಾಲರೈನಾ ಎರಡೂ ಒಂದೇ ತೊಗಟೆಯ ಮೇಲೆ ಪಕ್ಕಪಕ್ಕ ಬೆಳೆಯಬಲ್ಲವು ಎನ್ನುವುದನ್ನು ಹೇಳು. ಅದು ಕಿವಿಗೆ ಬೀಳುತ್ತದೆ.

ಅಮಟಾಕ್ಸಿನ್ನಿನ ಕ್ರೌರ್ಯ ಅದರ ಸಮಯದಲ್ಲಿದೆ. ತಿಂದ ಮೇಲೆ ಆರು ಗಂಟೆಯಿಂದ ಒಂದು ದಿನದವರೆಗೂ ಏನೂ ಆಗುವುದಿಲ್ಲ. ಆಮೇಲೆ ವಾಂತಿ, ನೀರಿನಂಥ ಭೇದಿ. ಅದು ಕಡಿಮೆಯಾಗಿ, ಆರಾಮ ಎನಿಸಿ, ಮನೆಯವರು ನಿಟ್ಟುಸಿರು ಬಿಡುವ ಹೊತ್ತಿಗೆ ಒಳಗೆ ಯಕೃತ್ತು ಹಾಳಾಗುತ್ತಿರುತ್ತದೆ. ಜೀವಕೋಶ ತನ್ನ ಪ್ರೋಟೀನು ತಯಾರಿಸಲು ಬೇಕಾದ ಆರ್‌ಎನ್‌ಎ ನಕಲನ್ನೇ ಈ ವಿಷ ನಿಲ್ಲಿಸಿಬಿಡುತ್ತದೆ. ಬೇಯಿಸಿದರೂ ಒಣಗಿಸಿದರೂ ಅದು ಹೋಗುವುದಿಲ್ಲ. ಮಸ್ಕರೀನ್ ಹಾಗಲ್ಲ, ತಿಂದು ಎರಡು ಗಂಟೆಯೊಳಗೆ ಬೆವರು, ಜೊಲ್ಲು, ಕಣ್ಣೀರು ಸುರಿದು ತನ್ನನ್ನು ತೋರಿಸಿಕೊಳ್ಳುತ್ತದೆ, ಅದಕ್ಕೆ ಅಟ್ರೊಪಿನ್ ಎಂಬ ಮದ್ದೂ ಇದೆ. ಬೇಗ ವಾಂತಿಯಾದರೆ ಅಪಾಯವಿಲ್ಲ ಎಂಬ ಲೆಕ್ಕಾಚಾರವನ್ನು ಮಾತ್ರ ಹಾಕಬೇಡ. ಎರಡು ಜಾತಿ ಒಟ್ಟಿಗೆ ಬಾಯಿಗೆ ಹೋಗಿದ್ದರೆ ಆ ಲೆಕ್ಕ ತಪ್ಪುತ್ತದೆ.

ಆದ್ದರಿಂದ ಮರಿ ಯಾವತ್ತಾದರೂ ಒಂದನ್ನು ಬಾಯಿಗೆ ಹಾಕಿಕೊಂಡರೆ ಏನಾದರೂ ಆಗುತ್ತದಾ ನೋಡೋಣ ಎಂದು ಕಾಯಬೇಡ. ಬಾಯಲ್ಲಿ ಉಳಿದದ್ದನ್ನು ಬೆರಳಿನಿಂದ ತೆಗೆ, ಬಾಯಿ ಒರೆಸು. ಉಪ್ಪುನೀರು ಕುಡಿಸಿ ವಾಂತಿ ಮಾಡಿಸುವ ನಮ್ಮ ಹಳೆಯ ಪದ್ಧತಿ ಬೇಡ. ಅದು ಮಕ್ಕಳಿಗೆ ವಿಷಕ್ಕಿಂತ ಕೆಡುಕು ಮಾಡಬಹುದು. ನಿಮ್ಮ ದೇಶದಲ್ಲಿ ಪಾಯ್ಸನ್ ಕಂಟ್ರೋಲ್ ಇದೆ, 1-800-222-1222, ಹಗಲು ರಾತ್ರಿ ಎತ್ತುತ್ತಾರೆ. ಫ್ರಿಜ್ಜಿನ ಬಾಗಿಲಿಗೆ ಈಗಲೇ ಅಂಟಿಸು. ಮಗು ಮಂಕಾಗಿದ್ದರೆ, ಉಸಿರಾಟದಲ್ಲಿ ಏರುಪೇರಾದರೆ ನೇರ 911. ತಿಂದ ಹೊತ್ತು ಬರೆದಿಟ್ಟುಕೋ. ಅದೇ ಜಾಗದಿಂದ ಅಂಥದ್ದೇ ಅಣಬೆಗಳನ್ನು ಬುಡಸಮೇತ ತೆಗೆದು ಕಾಗದದ ಕವರಿನಲ್ಲಿ ಹಾಕಿಕೊಂಡು ಹೋಗು. ಪ್ಲಾಸ್ಟಿಕ್ಕಿನಲ್ಲಿ ಬೆವೆತು ಕೊಳೆತು ಗುರುತು ಸಿಗದಂತಾಗುತ್ತದೆ. ಇದನ್ನೆಲ್ಲ ಹೆದರಿಸಲು ಬರೆಯುತ್ತಿಲ್ಲ. ಲಾನಿನ ಅಣಬೆ ಕಚ್ಚಿದ ಪುಟ್ಟ ಮಕ್ಕಳಲ್ಲಿ ಹೆಚ್ಚಿನವರಿಗೆ ಏನೂ ಆಗುವುದಿಲ್ಲ. ಆದರೆ ನಿನ್ನ ಮಗು ಆ ಹೆಚ್ಚಿನವರಲ್ಲಿ ಒಬ್ಬನೇ ಎನ್ನುವುದನ್ನು ಫೋನಿನ ಆ ಕಡೆ ಇರುವ ತಿಳಿದವರು ಹೇಳಲಿ.

ಊರಿನಿಂದ ಹೊತ್ತುಕೊಂಡು ಹೋಗಬಾರದ ಕೆಲವು ಮಾತುಗಳೂ ಇವೆ. ಹುಳ ತಿಂದದ್ದಾದರೆ ನಾವೂ ತಿನ್ನಬಹುದು, ಬೆಳ್ಳಿ ನಾಣ್ಯ ಹಾಕಿ ಬೇಯಿಸಿ ಕಪ್ಪಾಗದಿದ್ದರೆ ಒಳ್ಳೆಯದು, ಅರಿಸಿನ ಹಾಕಿದರೆ ವಿಷ ಇಳಿಯುತ್ತದೆ. ಮೂರೂ ಸುಳ್ಳು. ನಮ್ಮ ಮಲೆನಾಡಿನವರು ಇಷ್ಟು ಕಾಲ ಅಣಬೆ ತಿಂದು ಬಾಳಿದ್ದು ಈ ಪರೀಕ್ಷೆಗಳಿಂದಲ್ಲ. ಗುಡುಗಿದ ಮೇಲೆ ಯಾವ ಹುತ್ತದ ಪಕ್ಕ ಯಾವುದು ಏಳುತ್ತದೆ ಎಂದು ತಾಯಿಯ ಬೆನ್ನ ಹಿಂದೆ ಹೋಗಿ ಕಲಿತ ಕೆಲವೇ ಜಾತಿಗಳನ್ನು ಮಾತ್ರ ಅವರು ಮುಟ್ಟುತ್ತಿದ್ದರು. ಉಳಿದದ್ದೆಲ್ಲ ನಾಯಿಕೊಡೆ ಎಂದು ಬಿಟ್ಟುಬಿಡುತ್ತಿದ್ದರು. ಆ ಜ್ಞಾನ ಆ ನೆಲದ್ದು, ವಿಮಾನ ಹತ್ತಿ ಬರುವುದಿಲ್ಲ. ಆಗ್ನೇಯ ಏಷ್ಯಾದಿಂದ ಅಮೆರಿಕಕ್ಕೆ ಬಂದ ಕುಟುಂಬಗಳು ತಮ್ಮೂರಿನ ಭತ್ತದ ಹುಲ್ಲಿನ ಅಣಬೆಯೇ ಇದು ಎಂದುಕೊಂಡು ಡೆತ್ ಕ್ಯಾಪ್ ಬೇಯಿಸಿ ತಿಂದು ಸತ್ತಿದ್ದಾರೆ. ಎಳೆಯದರಲ್ಲಿ ಎರಡೂ ಮೊಟ್ಟೆಯಾಕಾರ, ಎರಡಕ್ಕೂ ಬುಡದಲ್ಲಿ ಚೀಲ. ಆ ಡೆತ್ ಕ್ಯಾಪ್ ಈಗ ಸಿಯಾಟಲ್ಲಿನ ಬೀದಿಮರಗಳ ಕೆಳಗಿನ ಹುಲ್ಲಿನಲ್ಲೂ ಏಳುತ್ತದೆ. ಅದು ಸಣ್ಣದೂ ಅಲ್ಲ, ಕಂದೂ ಅಲ್ಲ, ಹಸಿರುಹಳದಿ. ಊರಿಂದ ಬರುವ ನಿಮ್ಮ ಅತ್ತೆ ಮಾವ ವಾಕಿಂಗ್ ಹೋದಾಗ ಆರಿಸಿ ತರದಂತೆ ಮೊದಲೇ ಹೇಳಿಡು. ಸೊಸೆ ಹೇಳಿದರೆ ಬೇಸರವಾದೀತು ಅನ್ನಿಸಿದರೆ ನನ್ನ ಹೆಸರು ಹೇಳು.

ಲಾನಿನಲ್ಲಿ ವೃತ್ತಾಕಾರವಾಗಿ ಏಳುವ ತಿಳಿಗಂದು ಅಣಬೆಯೊಂದಿದೆ, ‘ಮರಾಸ್ಮಿಯಸ್ ಓರಿಯೇಡಿಸ್’. ಎಸಳು ದೂರದೂರ, ದಂಟು ಬಗ್ಗಿಸಿದರೂ ಮುರಿಯದಷ್ಟು ಗಟ್ಟಿ, ಅಚ್ಚು ಬಿಳಿ. ಒಣಗಿ ಸುರುಟಿದ್ದು ಮಳೆ ಬಿದ್ದರೆ ಮತ್ತೆ ಅರಳಿಕೊಳ್ಳುತ್ತದೆ. ಅದರ ಎಳೆಗಳು ಮಣ್ಣಿನ ಕೆಳಗೆ ವರ್ಷವರ್ಷ ಹೊರಗೆ ಹರಡುತ್ತ, ಹಳೆಯ ಸಾವಯವವನ್ನು ಕರಗಿಸಿ ಸಾರಜನಕ ಬಿಡುವುದರಿಂದ ಆ ವೃತ್ತದ ಹುಲ್ಲು ಕಡುಹಸಿರಾಗಿರುತ್ತದೆ. ಯುರೋಪಿನವರು ಇದನ್ನು ತಿನ್ನುತ್ತಾರೆ, ಪುಸ್ತಕಗಳಲ್ಲಿ ಅಡುಗೆಯ ವಿಧಾನವೂ ಸಿಗುತ್ತದೆ. ಅದೇ ಹುಲ್ಲಿನಲ್ಲಿ ಅಂಥದ್ದೇ ವೃತ್ತ ಕಟ್ಟುವ, ಅದೇ ಬಿಳಿ ಅಚ್ಚಿನ ‘ಕ್ಲೈಟೊಸೈಬಿ ರಿವುಲೋಸಾ’ದಲ್ಲಿ ಮಸ್ಕರೀನ್ ತುಂಬಿದೆ. ಅದರ ಎಸಳು ಒತ್ತಾಗಿದ್ದು ದಂಟಿನ ಮೇಲೆ ಇಳಿದು ಬಂದಿರುತ್ತವೆ. ಎರಡೂ ಬೆರೆತು ಎದ್ದಿರುವುದೂ ಉಂಟು. ವೃತ್ತ ನೋಡು, ಫೋಟೊ ತೆಗೆ, ಬಾಣಲೆಯನ್ನು ದೂರ ಇಡು.

ಫೋನಿನ ಆ್ಯಪ್‌ಗಳ ಬಗ್ಗೆ ನಿನ್ನ ಗಂಡ ಕೇಳಿದ್ದ. ಹಕ್ಕಿಗೆ, ಹೂವಿಗೆ ಬಳಸಲಿ. ಈ ಬಳಗಕ್ಕೆ ಬೇಡ. ಟೋಪಿಯ ಚಿತ್ರದಿಂದ ನಾನು ಹೇಳಲಾಗದ್ದನ್ನು ಅದೂ ಹೇಳಲಾರದು. ನನ್ನಂತೆ ಗೊತ್ತಿಲ್ಲ ಎನ್ನದೆ ಏನಾದರೊಂದು ಹೆಸರು ಕೊಟ್ಟುಬಿಡುತ್ತದೆ, ಅಷ್ಟೇ ವ್ಯತ್ಯಾಸ. ಅದರ ಬದಲು ನಿಮ್ಮೂರಲ್ಲಿ 1964ರಲ್ಲಿ ಶುರುವಾದ ಪ್ಯೂಜೆಟ್ ಸೌಂಡ್ ಮೈಕಲಾಜಿಕಲ್ ಸೊಸೈಟಿ ಇದೆ, ಬೇಕಾದರೆ ಅಲ್ಲಿಗೆ ಹೋಗಿ. ಅಚ್ಚು ತೆಗೆದ ಕಾಗದ, ಬುಡಸಮೇತ ಮೂರು ವಯಸ್ಸಿನ ಅಣಬೆ, ಎಲ್ಲಿ ಎದ್ದಿತ್ತು ಎಂಬ ಚೀಟಿ ಹಿಡಿದು ಹೋದರೆ ಅಲ್ಲಿನ ವಯಸ್ಸಾದವರು ನಿನ್ನನ್ನು ಕೂರಿಸಿಕೊಂಡು ಹೇಳಿಕೊಡುತ್ತಾರೆ. ಬರಿಗೈಲಿ ಫೋಟೊ ಹಿಡಿದು ಹೋದರೆ ಅವರೂ ನನ್ನ ಹಾಗೇ ತಲೆಯಾಡಿಸುತ್ತಾರೆ.

ಔಷಧಿ ಹೊಡೆದು ಇವನ್ನೆಲ್ಲ ತೆಗೆಸಿಬಿಡಲೇ ಎಂದು ಕೇಳಿದ್ದೆ. ಬೇಡ. ಅಣಬೆ ಎಂದು ನೀನು ನೋಡುತ್ತಿರುವುದು ಬರೀ ಹಣ್ಣು. ಗಿಡ ಎನ್ನಬಹುದಾದದ್ದು ಮಣ್ಣಿನೊಳಗೆ ಎಳೆಎಳೆಯಾಗಿ ಹರಡಿಕೊಂಡು ಸತ್ತ ಹುಲ್ಲು, ಹೂತುಹೋದ ಬೇರು ಕೊಳೆಸುತ್ತ ಕೂತಿದೆ. ಅದರಿಂದ ಲಾನಿಗೆ ಲಾಭವೇ. ಹೊಡೆದ ಔಷಧಿ ಅಷ್ಟು ಆಳಕ್ಕೆ ಇಳಿಯುವುದಿಲ್ಲ, ಮಗು ಉರುಳಾಡುವ ಹುಲ್ಲಿನ ಮೇಲೆ ಮಾತ್ರ ಉಳಿಯುತ್ತದೆ. ಮಳೆ ಬಂದ ಮಾರನೆಯ ಬೆಳಿಗ್ಗೆ ಮರಿಯನ್ನು ಹೊರಗೆ ಬಿಡುವ ಮೊದಲು ಕಾಫಿ ಲೋಟ ಹಿಡಿದುಕೊಂಡೇ ಒಂದು ಸುತ್ತು ಹಾಕಿ, ಎದ್ದದ್ದನ್ನೆಲ್ಲ ಕಿತ್ತು ಹಸಿಕಸದ ಡಬ್ಬಿಗೆ ಹಾಕು. ಹುಲ್ಲು ಕತ್ತರಿಸುವ ಯಂತ್ರ ಓಡಿಸುವುದಕ್ಕೂ ಮೊದಲೇ ಕೀಳಬೇಕು. ಇಲ್ಲದಿದ್ದರೆ ಚೂರಾಗಿ ಎಲ್ಲೆಡೆ ಹರಡಿ, ಆರಿಸಲು ಬರುವುದಿಲ್ಲ. ಹಿಂಬದಿ ಬೇಲಿಯ ಹೊರಗೆ ಮಗು ಹೋಗದ ಕಡೆ ಎರಡೋ ಮೂರೋ ಇದ್ದರೆ ಅವನ್ನು ಬಿಡು, ಸಂಜೆ ಅಚ್ಚು ತೆಗೆಯಲು ಬೇಕಾಗುತ್ತವೆ.

ನಿನ್ನ ದೊಡ್ಡಮ್ಮ
ಮೈಸೂರು